ಹಳೆಯ ವಿಂಡೋಸ್, ಹೊಸ ಯಂತ್ರ: ನಡುವೆ ಕಾಣೆಯಾದ ಡ್ರೈವರ್

ವಿಂಡೋಸ್ 7ರ ಪೆನ್‌ಡ್ರೈವ್ ತಯಾರಿಸಿ, ಅದನ್ನು ಸ್ವಲ್ಪ ಹೊಸ ಕಂಪ್ಯೂಟರ್‌ಗೆ ಹಾಕಿ ಇನ್‌ಸ್ಟಾಲ್ ಮಾಡಲು ಹೊರಟವರಿಗೆ ಒಂದು ಒಗಟು ಎದುರಾಗುತ್ತದೆ. ಬಯೋಸ್ ಪರದೆಯಲ್ಲಿ ಕೀಬೋರ್ಡ್ ಚೆನ್ನಾಗಿಯೇ ಕೆಲಸ ಮಾಡುತ್ತದೆ. ಪೆನ್‌ಡ್ರೈವ್‌ನಿಂದ ಬೂಟ್ ಕೂಡ ಆಗುತ್ತದೆ. ಭಾಷೆ ಆರಿಸುವ ಮೊದಲ ಪರದೆ ಬರುತ್ತದೆ. ಅಲ್ಲಿಗೆ ಎಲ್ಲವೂ ಸ್ತಬ್ಧ. ಮೌಸ್‌ನ ದೀಪ ಆರಿದೆ, ಕೀಬೋರ್ಡ್‌ನ ಯಾವ ಕೀ ಒತ್ತಿದರೂ ಉತ್ತರವಿಲ್ಲ.

ಇದೇ ತೊಂದರೆಗೆ ಇನ್ನೊಂದು ಮುಖವೂ ಉಂಟು. ಕೆಲವು ಯಂತ್ರಗಳಲ್ಲಿ ಮೌಸ್, ಕೀಬೋರ್ಡ್ ನಡೆಯುತ್ತವೆ. ಆದರೆ ‘ಇನ್‌ಸ್ಟಾಲ್’ ಒತ್ತಿದ ಕೂಡಲೇ, ‘ಸಿಡಿ/ಡಿವಿಡಿ ಡ್ರೈವ್‌ಗೆ ಬೇಕಾದ ಡ್ರೈವರ್ ಇಲ್ಲ’ ಎಂಬ ಅರ್ಥದ ಸಂದೇಶ ಬರುತ್ತದೆ. ಆ ಕಂಪ್ಯೂಟರ್‌ನಲ್ಲಿ ಸಿಡಿ ಡ್ರೈವೇ ಇರುವುದಿಲ್ಲ!

ಇಂಥ ಹೊತ್ತಿನಲ್ಲಿ ನಾವು ಏನಂದುಕೊಳ್ಳುತ್ತೇವೆ? ಪೆನ್‌ಡ್ರೈವ್ ಹಾಳಾಗಿದೆ, ಪೋರ್ಟ್ ಸುಟ್ಟಿದೆ, ಮದರ್‌ಬೋರ್ಡ್ ಹೋಗಿದೆ ಎಂದು. ಕೆಲವರು ಹೊಸ ಕೀಬೋರ್ಡ್ ಕೊಳ್ಳುತ್ತಾರೆ, ಕೆಲವರು ಯಂತ್ರವನ್ನೇ ಮೂಲೆಗೆ ತಳ್ಳುತ್ತಾರೆ. ನಿಜವಾಗಿ ಅಲ್ಲಿ ಏನೂ ಕೆಟ್ಟಿರುವುದಿಲ್ಲ. ಇನ್‌ಸ್ಟಾಲ್ ಮಾಡಲು ಬಂದ ಹಳೆಯ ಸಾಫ್ಟ್‌ವೇರ್‌ಗೆ ಹೊಸ ಹಾರ್ಡ್‌ವೇರ್‌ನ ಪರಿಚಯವಿಲ್ಲ, ಅಷ್ಟೇ. ಆ ಪರಿಚಯವನ್ನು ಮೊದಲೇ ಮಾಡಿಸಿಕೊಡುವುದು ಹೇಗೆಂದು ಈ ಲೇಖನದಲ್ಲಿ ನೋಡೋಣ.

ಡ್ರೈವರ್ ಎಂದರೆ ದುಭಾಷಿ

ನಮ್ಮ ತರಗತಿಗಳಲ್ಲಿ ಬ್ಯಾರಿ, ಉರ್ದು, ತುಳು, ಕನ್ನಡ ಮನೆಮಾತಿನವರೆಲ್ಲ ಇದ್ದೇವೆ. ಬ್ಯಾರಿ ಭಾಷೆ ಮಾತ್ರ ಬಲ್ಲ ಅಜ್ಜಿಯನ್ನು ಕನ್ನಡ ಮಾತ್ರ ಬಲ್ಲ ಡಾಕ್ಟರ್ ಬಳಿಗೆ ಕರೆದೊಯ್ದರೆ ನಡುವೆ ಮೊಮ್ಮಗ ನಿಲ್ಲಬೇಕು. ಅಜ್ಜಿಗೆ ಹೇಳಲು ಬರುತ್ತದೆ, ಡಾಕ್ಟರಿಗೆ ಕೇಳಲು ಬರುತ್ತದೆ. ಮೊಮ್ಮಗನಿಲ್ಲದಿದ್ದರೆ ಇಬ್ಬರೂ ಸುಮ್ಮನೆ ಮುಖ ನೋಡಿಕೊಂಡು ಕೂರಬೇಕು. ಆಪರೇಟಿಂಗ್ ಸಿಸ್ಟಂ ಮತ್ತು ಹಾರ್ಡ್‌ವೇರ್ ನಡುವೆ ಈ ಮೊಮ್ಮಗನ ಕೆಲಸ ಮಾಡುವ ಪುಟ್ಟ ಪ್ರೋಗ್ರಾಂ ಡ್ರೈವರ್.

ವಿಂಡೋಸ್ ಡ್ರೈವರ್ ಒಂದೇ ಫೈಲ್ ಅಲ್ಲ. ಅದರಲ್ಲಿ ಸಾಮಾನ್ಯವಾಗಿ ಮೂರು ಬಗೆಯ ಫೈಲ್‌ಗಳಿರುತ್ತವೆ. ‘ಸಿಸ್’ ಫೈಲ್‌ನಲ್ಲಿ ನಿಜವಾದ ಪ್ರೋಗ್ರಾಂ ಇರುತ್ತದೆ. ‘ಇನ್ಫ್’ ಫೈಲ್‌ನಲ್ಲಿ ಆ ಪ್ರೋಗ್ರಾಂ ಯಾವ ಯಾವ ಹಾರ್ಡ್‌ವೇರ್‌ಗೆ ಹೊಂದುತ್ತದೆ ಎಂಬ ಪಟ್ಟಿ ಇರುತ್ತದೆ. ‘ಕ್ಯಾಟ್’ ಫೈಲ್‌ನಲ್ಲಿ ಡಿಜಿಟಲ್ ಸಹಿ ಇರುತ್ತದೆ; ನಡುವೆ ಯಾರೂ ಫೈಲ್‌ಗಳನ್ನು ತಿದ್ದಿಲ್ಲ ಎಂಬುದಕ್ಕೆ ಅದು ಸಾಕ್ಷಿ.

ಕಂಪ್ಯೂಟರ್‌ನೊಳಗಿನ ಪ್ರತಿಯೊಂದು ನಿಯಂತ್ರಕ ಚಿಪ್‌ಗೂ ಒಂದು ಗುರುತಿನ ಸಂಖ್ಯೆ ಇದೆ. ಮೊದಲ ಭಾಗ ತಯಾರಕರದ್ದು, ಎರಡನೆಯ ಭಾಗ ಆ ಚಿಪ್‌ನದ್ದು. ಇಂಟೆಲ್ ಕಂಪನಿಯ ತಯಾರಕ ಸಂಖ್ಯೆ 8086. ನಾವು ಪಾಠದಲ್ಲಿ ಕೇಳುವ, 1978ರಲ್ಲಿ ಬಂದ 8086 ಪ್ರೊಸೆಸರ್‌ನ ಹೆಸರೇ ಅದು. ವಿಂಡೋಸ್ ಈ ಸಂಖ್ಯೆಗಳನ್ನು ಓದಿ, ತನ್ನ ಬಳಿ ಇರುವ ಇನ್ಫ್ ಫೈಲ್‌ಗಳಲ್ಲಿ ಹುಡುಕುತ್ತದೆ. ಹೊಂದಿಕೆ ಸಿಕ್ಕರೆ ಡ್ರೈವರ್ ಏರುತ್ತದೆ. ಸಿಗದಿದ್ದರೆ ಆ ಚಿಪ್ ಅಲ್ಲಿದ್ದೂ ಇಲ್ಲದಂತೆ.

ಯಾವುದು ಮೊದಲು ಹುಟ್ಟಿತು?

ವಿಂಡೋಸ್ 7 ಮಾರುಕಟ್ಟೆಗೆ ಬಂದದ್ದು 2009ರ ಅಕ್ಟೋಬರ್ 22ರಂದು. ಯುಎಸ್‌ಬಿ 3.0ರ ನಿಯಮಾವಳಿ ಪ್ರಕಟವಾದದ್ದು 2008ರ ನವೆಂಬರ್‌ನಲ್ಲಿ. ಅದನ್ನು ಅನುಸರಿಸುವ ಯಂತ್ರಗಳು ಜನರ ಕೈಗೆ ಬರುವಷ್ಟರಲ್ಲಿ ವಿಂಡೋಸ್ 7 ಸಿದ್ಧವಾಗಿ ಮುಗಿದಿತ್ತು. ಹಾಗಾಗಿ ಅದರ ಡಿವಿಡಿಯಲ್ಲಿ ಯುಎಸ್‌ಬಿ 3.0ರ ಡ್ರೈವರ್ ಇಲ್ಲ. 2012ರ ವಿಂಡೋಸ್ 8ರಿಂದ ಮೈಕ್ರೋಸಾಫ್ಟ್ ಅದನ್ನು ಒಳಗೇ ಸೇರಿಸಿತು.

ಬಹಳ ವರ್ಷ ಇದರಿಂದ ದೊಡ್ಡ ತೊಂದರೆಯಾಗಲಿಲ್ಲ. ಮದರ್‌ಬೋರ್ಡ್‌ಗಳಲ್ಲಿ ಎರಡು ನಿಯಂತ್ರಕಗಳು ಅಕ್ಕಪಕ್ಕ ಇರುತ್ತಿದ್ದವು: ಯುಎಸ್‌ಬಿ 2.0ಕ್ಕೆ ‘ಇಎಚ್‌ಸಿಐ’, 3.0ಕ್ಕೆ ‘ಎಕ್ಸ್‌ಎಚ್‌ಸಿಐ’. ವಿಂಡೋಸ್ 7ಕ್ಕೆ ಮೊದಲನೆಯದರ ಪರಿಚಯವಿತ್ತು. ಕಪ್ಪು ಬಣ್ಣದ ಹಳೆಯ ಪೋರ್ಟ್‌ಗೆ ಹಾಕಿದರೆ ಕೆಲಸ ನಡೆಯುತ್ತಿತ್ತು. 2015ರಲ್ಲಿ ಇಂಟೆಲ್‌ನ ಆರನೆಯ ತಲೆಮಾರಿನ ‘ಸ್ಕೈಲೇಕ್’ ಪ್ರೊಸೆಸರ್‌ಗಳೂ ಅವುಗಳ ಜೊತೆಗಿನ 100 ಸರಣಿಯ ಚಿಪ್‌ಸೆಟ್‌ಗಳೂ ಬಂದವು. ಅವುಗಳಲ್ಲಿ ಇಎಚ್‌ಸಿಐ ಅನ್ನು ಪೂರ್ತಿ ತೆಗೆದುಬಿಟ್ಟರು. ಎಲ್ಲ ಪೋರ್ಟ್‌ಗಳೂ ಎಕ್ಸ್‌ಎಚ್‌ಸಿಐ ಕೈಕೆಳಗೆ ಬಂದವು. ಅಂದಿನಿಂದ ವಿಂಡೋಸ್ 7ರ ಸೆಟಪ್‌ಗೆ ಆ ಯಂತ್ರದ ಯಾವ ಯುಎಸ್‌ಬಿ ಪೋರ್ಟೂ ಕಾಣದಾಯಿತು.

ಡಿಸ್ಕ್‌ನ ಕಥೆಯೂ ಹೀಗೆಯೇ. ಇಂದಿನ ವೇಗದ ಎಸ್‌ಎಸ್‌ಡಿಗಳು ಬಳಸುವ ‘ಎನ್‌ವಿಎಂಇ’ ನಿಯಮಾವಳಿಯ ಮೊದಲ ಆವೃತ್ತಿ ಬಂದದ್ದು 2011ರ ಮಾರ್ಚ್‌ನಲ್ಲಿ. ವಿಂಡೋಸ್ 7ರ ಡಿವಿಡಿಗೆ ಅದೂ ಅಪರಿಚಿತ.

ಇದು ವಿಂಡೋಸ್ 7ಕ್ಕೆ ಮಾತ್ರ ಬಂದ ಕಷ್ಟವಲ್ಲ. 2001ರ ವಿಂಡೋಸ್ ಎಕ್ಸ್‌ಪಿಗೆ ಹೊಸ ಸಾಟಾ ಡಿಸ್ಕ್‌ಗಳ ಎಎಚ್‌ಸಿಐ ವಿಧಾನ ತಿಳಿದಿರಲಿಲ್ಲ. ಸೆಟಪ್ ಆರಂಭದಲ್ಲಿ ಎಫ್6 ಕೀ ಒತ್ತಿ, ಫ್ಲಾಪಿಯಿಂದ ಡ್ರೈವರ್ ಕೊಡಬೇಕಿತ್ತು. ಕೊಡದಿದ್ದರೆ ನೀಲಿ ಪರದೆ. ಫ್ಲಾಪಿ ಡ್ರೈವ್‌ಗಳೇ ಮಾಯವಾದ ಮೇಲೆ ಜನ ಡ್ರೈವರನ್ನು ಎಕ್ಸ್‌ಪಿ ಸಿಡಿಯೊಳಗೇ ಸೇರಿಸುವುದನ್ನು ಕಲಿತರು.

ಬಯೋಸ್‌ನಲ್ಲಿ ನಡೆದ ಕೀಬೋರ್ಡ್ ಸೆಟಪ್‌ನಲ್ಲಿ ಯಾಕೆ ನಿಂತಿತು?

ಒಗಟಿನ ಉತ್ತರ ಇಲ್ಲಿದೆ. ಮದರ್‌ಬೋರ್ಡ್‌ನ ಬಯೋಸ್ ಅಥವಾ ಯುಇಎಫ್‌ಐಗೆ ತನ್ನದೇ ಆದ ಯುಎಸ್‌ಬಿ ಡ್ರೈವರ್ ಇರುತ್ತದೆ. ಆ ಬೋರ್ಡ್‌ಗೆಂದೇ ಬರೆದದ್ದರಿಂದ ಅದಕ್ಕೆ ಎಲ್ಲವೂ ಪರಿಚಿತ. ಕೀಬೋರ್ಡ್ ಓದುವುದು, ಪೆನ್‌ಡ್ರೈವ್‌ನಿಂದ ಮೊದಲ ಫೈಲ್‌ಗಳನ್ನು ಎತ್ತಿಕೊಡುವುದು ಅದರ ಕೆಲಸ.

ಪೆನ್‌ಡ್ರೈವ್‌ನ ‘ಸೋರ್ಸಸ್’ ಫೋಲ್ಡರ್‌ನಲ್ಲಿ ‘ಬೂಟ್.ವಿಮ್’ ಎಂಬ ಫೈಲ್ ಇದೆ. ಅದು ಸ್ವತಃ ಒಂದು ಪುಟ್ಟ ವಿಂಡೋಸ್. ಬಯೋಸ್‌ನ ಸಹಾಯದಿಂದ ಅದು ಇಡಿಯಾಗಿ ರ‍್ಯಾಮ್‌ಗೆ ಬಂದು ಕೂರುತ್ತದೆ. ನಂತರ ಈ ಪುಟ್ಟ ವಿಂಡೋಸ್ ಎದ್ದು, ಯಂತ್ರದ ಆಡಳಿತವನ್ನು ಬಯೋಸ್‌ನ ಕೈಯಿಂದ ತಾನೇ ತೆಗೆದುಕೊಳ್ಳುತ್ತದೆ. ಆ ಕ್ಷಣದಿಂದ ಬಯೋಸ್‌ನ ಡ್ರೈವರ್‌ಗೆ ಕೆಲಸವಿಲ್ಲ. ಪುಟ್ಟ ವಿಂಡೋಸ್ ತನ್ನ ಡ್ರೈವರನ್ನು ನಂಬಬೇಕು. ಅದರ ಬಳಿ ಯುಎಸ್‌ಬಿ 3.0 ಡ್ರೈವರ್ ಇಲ್ಲ. ಮೌಸ್‌ನ ದೀಪ ಆರುವುದು ಆಗಲೇ.

ಸಿಡಿ ಡ್ರೈವ್ ಇಲ್ಲದ ಯಂತ್ರದಲ್ಲಿ ಸಿಡಿಯ ಮಾತು ಬರುವುದಕ್ಕೂ ಇದೇ ಕಾರಣ. ಮುಖ್ಯ ವಿಂಡೋಸ್ ಇರುವುದು ‘ಇನ್‌ಸ್ಟಾಲ್.ವಿಮ್’ ಎಂಬ ಇನ್ನೊಂದು ದೊಡ್ಡ ಫೈಲ್‌ನಲ್ಲಿ. ಅದು ಪೆನ್‌ಡ್ರೈವ್‌ನಲ್ಲೇ ಉಳಿದಿದೆ. ಸೆಟಪ್ ಅದನ್ನು ಹುಡುಕುವಾಗ ಪೆನ್‌ಡ್ರೈವ್ ಕಾಣುವುದಿಲ್ಲ. ‘ನಾನು ಬಂದ ಮಾಧ್ಯಮವೇ ಸಿಗುತ್ತಿಲ್ಲ’ ಎಂಬುದನ್ನು ಅದು ಹಳೆಯ ಕಾಲದ ಮಾತಿನಲ್ಲಿ ‘ಸಿಡಿ/ಡಿವಿಡಿ ಡ್ರೈವರ್ ಇಲ್ಲ’ ಎಂದು ಹೇಳುತ್ತದೆ.

ಡ್ರೈವರನ್ನು ಇನ್ನೊಂದು ಪೆನ್‌ಡ್ರೈವ್‌ನಲ್ಲಿ ಕೊಟ್ಟರಾಗದೇ ಎಂದು ಕೇಳಬಹುದು. ಅದನ್ನು ಓದಲೂ ಯುಎಸ್‌ಬಿ ಪೋರ್ಟ್ ಬೇಕು, ಪೋರ್ಟ್‌ಗೆ ಡ್ರೈವರ್ ಬೇಕು. ಪೆಟ್ಟಿಗೆಗೆ ಬೀಗ, ಬೀಗದ ಕೈ ಪೆಟ್ಟಿಗೆಯೊಳಗೆ! ಆದ್ದರಿಂದ ಬೀಗ ಹಾಕುವ ಮೊದಲೇ ಕೈಯನ್ನು ಹೊರಗಿಡಬೇಕು. ಅಂದರೆ ಡ್ರೈವರನ್ನು ಬೂಟ್.ವಿಮ್ ಒಳಗೇ ಮೊದಲು ಸೇರಿಸಿಡಬೇಕು.

ಎರಡು ಫೈಲ್, ಎರಡು ಕಡೆ

ಬೂಟ್.ವಿಮ್‌ಗೆ ಮಾತ್ರ ಡ್ರೈವರ್ ಸೇರಿಸಿದರೆ ಸೆಟಪ್ ಸುಸೂತ್ರವಾಗಿ ಮುಗಿಯುತ್ತದೆ. ಯಂತ್ರ ರೀಸ್ಟಾರ್ಟ್ ಆಗಿ, ಡಿಸ್ಕ್‌ನಲ್ಲಿ ಹೊಸದಾಗಿ ಕೂತ ವಿಂಡೋಸ್ ಏಳುತ್ತದೆ. ಅದು ಬಂದದ್ದು ಇನ್‌ಸ್ಟಾಲ್.ವಿಮ್‌ನಿಂದ. ಅಲ್ಲಿ ಡ್ರೈವರ್ ಇಲ್ಲದಿದ್ದರೆ ಬಳಕೆದಾರರ ಹೆಸರು ಕೇಳುವ ಪರದೆಯಲ್ಲಿ ಕೀಬೋರ್ಡ್ ಮತ್ತೆ ಸತ್ತಂತಾಗುತ್ತದೆ. ಎನ್‌ವಿಎಂಇ ಡ್ರೈವರ್ ಇಲ್ಲದಿದ್ದರೆ ಅಷ್ಟು ದೂರವೂ ಬರುವುದಿಲ್ಲ. ಆದ್ದರಿಂದ ಎರಡೂ ಫೈಲ್‌ಗಳಿಗೆ ಸೇರಿಸಬೇಕು.

ವಿಮ್ ಫೈಲ್ ಒಂದು ಗೋದಾಮಿನಂತೆ. ಒಳಗೆ ಹಲವು ಕೋಣೆಗಳು, ಪ್ರತಿ ಕೋಣೆಗೂ ‘ಇಂಡೆಕ್ಸ್’ ಎಂಬ ಸಂಖ್ಯೆ. ಬೂಟ್.ವಿಮ್‌ನಲ್ಲಿ ಎರಡು ಕೋಣೆಗಳಿವೆ. ಸೆಟಪ್ ನಡೆಯುವುದು ಎರಡನೆಯದರಲ್ಲಿ. ಇನ್‌ಸ್ಟಾಲ್.ವಿಮ್‌ನಲ್ಲಿ ಹೋಂ ಪ್ರೀಮಿಯಂ, ಪ್ರೊಫೆಷನಲ್, ಅಲ್ಟಿಮೇಟ್ ಮುಂತಾದ ಒಂದೊಂದು ಆವೃತ್ತಿಗೂ ಒಂದು ಕೋಣೆ. ಡ್ರೈವರನ್ನು ತಪ್ಪು ಕೋಣೆಯಲ್ಲಿಟ್ಟರೆ ಇಟ್ಟೂ ಪ್ರಯೋಜನವಿಲ್ಲ.

ಮಾಡುವ ಕ್ರಮ

ಇದಕ್ಕೆ ಬೇಕಾದ ಉಪಕರಣ ವಿಂಡೋಸ್ 7 ಮತ್ತು ಅದರ ನಂತರದ ಎಲ್ಲ ವಿಂಡೋಸ್‌ಗಳಲ್ಲೂ ಇದೆ. ಅದರ ಹೆಸರು ‘ಡಿಐಎಸ್‌ಎಂ’. ಕಮಾಂಡ್ ಪ್ರಾಂಪ್ಟ್ ಅನ್ನು ಅಡ್ಮಿನಿಸ್ಟ್ರೇಟರ್ ಅಧಿಕಾರದೊಂದಿಗೆ ತೆರೆದು ಬಳಸಬೇಕು. ಇಲ್ಲಿ ಪ್ರತಿ ಹೆಜ್ಜೆಯ ಹೆಸರನ್ನೂ ಕೆಲಸವನ್ನೂ ಹೇಳಿದೆ. ಕಮಾಂಡ್‌ಗಳ ಪೂರ್ಣ ರೂಪ ಬೇಕಾದರೆ ಡಿಐಎಸ್‌ಎಂ ಎಂದು ಟೈಪ್ ಮಾಡಿ, ಒಂದು ಜಾಗ ಬಿಟ್ಟು, ಸ್ಲ್ಯಾಶ್ ಮತ್ತು ಪ್ರಶ್ನೆಚಿಹ್ನೆ ಹಾಕಿದರೆ ಪರದೆಯ ಮೇಲೆಯೇ ಬರುತ್ತದೆ.

1. ವಿಂಡೋಸ್ 7ರ ಡಿವಿಡಿ ಅಥವಾ ಐಎಸ್‌ಒದಲ್ಲಿರುವ ಎಲ್ಲವನ್ನೂ ಹಾರ್ಡ್‌ಡಿಸ್ಕ್‌ನ ಒಂದು ಫೋಲ್ಡರ್‌ಗೆ ಕಾಪಿ ಮಾಡಿ. ಮೂಲ ಪ್ರತಿಯನ್ನು ಹಾಗೆಯೇ ಬಿಡಿ.

2. ಮದರ್‌ಬೋರ್ಡ್ ತಯಾರಕರ ತಾಣದಿಂದ ವಿಂಡೋಸ್ 7ಕ್ಕೆಂದೇ ಇರುವ ಯುಎಸ್‌ಬಿ 3.0 ಡ್ರೈವರ್ ತೆಗೆದುಕೊಳ್ಳಿ. ಇನ್‌ಸ್ಟಾಲ್ ಮಾಡುವ ಒಂದೇ ಪ್ರೋಗ್ರಾಂ ಇದ್ದರೆ ಸಾಲದು. ಅದನ್ನು ಬಿಚ್ಚಿ, ಇನ್ಫ್, ಸಿಸ್, ಕ್ಯಾಟ್ ಫೈಲ್‌ಗಳು ಕಾಣುವಂತೆ ಒಂದು ಫೋಲ್ಡರ್‌ನಲ್ಲಿಡಿ.

3. ಡ್ರೈವರ್ ಆ ಯಂತ್ರಕ್ಕೆ ಹೊಂದುತ್ತದೆಯೇ ಎಂದು ಖಚಿತಪಡಿಸಿಕೊಳ್ಳಿ. ಆ ಯಂತ್ರದಲ್ಲಿ ಯಾವುದಾದರೂ ಹೊಸ ವಿಂಡೋಸ್ ಇದ್ದರೆ ‘ಡಿವೈಸ್ ಮ್ಯಾನೇಜರ್’ನಲ್ಲಿ ಯುಎಸ್‌ಬಿ ನಿಯಂತ್ರಕದ ಗುರುತಿನ ಸಂಖ್ಯೆ ಸಿಗುತ್ತದೆ. ಇನ್ಫ್ ಫೈಲನ್ನು ನೋಟ್‌ಪ್ಯಾಡ್‌ನಲ್ಲಿ ತೆರೆದು ಅದೇ ಸಂಖ್ಯೆ ಇದೆಯೇ ನೋಡಿ. ಎರಡು ನಿಮಿಷದ ಈ ಕೆಲಸ ಅರ್ಧ ದಿನ ಉಳಿಸುತ್ತದೆ.

4. ‘ಗೆಟ್ ವಿಮ್ ಇನ್ಫೋ’ ಕಮಾಂಡ್‌ನಿಂದ ಎರಡೂ ವಿಮ್ ಫೈಲ್‌ಗಳ ಇಂಡೆಕ್ಸ್ ಪಟ್ಟಿ ನೋಡಿ, ಬೇಕಾದ ಸಂಖ್ಯೆ ಬರೆದುಕೊಳ್ಳಿ.

5. ‘ಮೌಂಟ್ ವಿಮ್’ ಕಮಾಂಡ್‌ನಿಂದ ಬೂಟ್.ವಿಮ್‌ನ ಎರಡನೆಯ ಇಂಡೆಕ್ಸ್ ಅನ್ನು ಒಂದು ಖಾಲಿ ಫೋಲ್ಡರ್‌ಗೆ ಮೌಂಟ್ ಮಾಡಿ. ಗೋದಾಮಿನ ಆ ಕೋಣೆಯ ಬಾಗಿಲು ತೆರೆದಂತಾಯಿತು.

6. ‘ಆಡ್ ಡ್ರೈವರ್’ ಕಮಾಂಡ್‌ಗೆ ಡ್ರೈವರ್ ಫೋಲ್ಡರ್ ತೋರಿಸಿ. ಜೊತೆಗೆ ‘ರಿಕರ್ಸ್’ ಎಂದರೆ ಒಳಗಿನ ಫೋಲ್ಡರ್‌ಗಳನ್ನೂ ಹುಡುಕಿ ಸೇರಿಸುತ್ತದೆ.

7. ‘ಅನ್‌ಮೌಂಟ್ ವಿಮ್’ ಕಮಾಂಡ್ ಅನ್ನು ‘ಕಮಿಟ್’ ಜೊತೆ ಕೊಡಿ. ಆಗ ಬದಲಾವಣೆ ಉಳಿಯುತ್ತದೆ. ‘ಡಿಸ್ಕಾರ್ಡ್’ ಎಂದರೆ ಮಾಡಿದ್ದೆಲ್ಲ ಹೋಗುತ್ತದೆ.

8. ಇನ್‌ಸ್ಟಾಲ್.ವಿಮ್‌ನಲ್ಲಿ ನಿಮಗೆ ಬೇಕಾದ ಆವೃತ್ತಿಯ ಇಂಡೆಕ್ಸ್‌ಗೂ 5ರಿಂದ 7ರವರೆಗಿನ ಹೆಜ್ಜೆಗಳನ್ನು ಮಾಡಿ.

9. ತಿದ್ದಿದ ಫೋಲ್ಡರ್‌ನಿಂದ ಬೂಟ್ ಆಗುವ ಪೆನ್‌ಡ್ರೈವ್ ತಯಾರಿಸಿ.

ಡಿಸ್ಕ್ ಎನ್‌ವಿಎಂಇ ಆಗಿದ್ದರೆ ಮೈಕ್ರೋಸಾಫ್ಟ್ ವಿಂಡೋಸ್ 7ಕ್ಕಾಗಿ ನೀಡಿದ್ದ 2990941 ಸಂಖ್ಯೆಯ ಪರಿಷ್ಕರಣೆ ಬೇಕು. ಅದು ಡ್ರೈವರ್ ರೂಪದಲ್ಲಿಲ್ಲ, ಅಪ್‌ಡೇಟ್ ರೂಪದಲ್ಲಿದೆ. ಅದನ್ನು ‘ಆಡ್ ಪ್ಯಾಕೇಜ್’ ಕಮಾಂಡ್‌ನಿಂದ ಎರಡೂ ವಿಮ್‌ಗಳಿಗೆ ಸೇರಿಸಬೇಕು.

ಎಡವುವ ಜಾಗಗಳು

32 ಬಿಟ್ ವಿಂಡೋಸ್‌ಗೆ 64 ಬಿಟ್ ಡ್ರೈವರ್ ನಡೆಯದು, ಅದಕ್ಕೆ ಇದೂ ನಡೆಯದು. ವಿಂಡೋಸ್ 10ಕ್ಕೆಂದು ಬರೆದ ಡ್ರೈವರನ್ನು ವಿಂಡೋಸ್ 7ಕ್ಕೆ ತುರುಕಿಯೂ ಉಪಯೋಗವಿಲ್ಲ.

ಡಿವಿಡಿಯಿಂದ ಕಾಪಿ ಮಾಡಿದ ವಿಮ್ ಫೈಲ್ ಕೆಲವೊಮ್ಮೆ ‘ರೀಡ್ ಓನ್ಲಿ’ ಆಗಿಯೇ ಇರುತ್ತದೆ. ಪ್ರಾಪರ್ಟೀಸ್‌ಗೆ ಹೋಗಿ ಆ ಗುರುತು ತೆಗೆಯದಿದ್ದರೆ ಮೌಂಟ್ ಆಗುವುದಿಲ್ಲ. ಅನ್‌ಮೌಂಟ್ ಮಾಡುವಾಗ ಮೌಂಟ್ ಫೋಲ್ಡರನ್ನು ಎಕ್ಸ್‌ಪ್ಲೋರರ್‌ನಲ್ಲಿ ತೆರೆದಿಟ್ಟಿದ್ದರೆ ಕೆಲಸ ಅರ್ಧಕ್ಕೆ ನಿಲ್ಲುತ್ತದೆ. ಮೊದಲು ಆ ಕಿಟಕಿ ಮುಚ್ಚಿ.

64 ಬಿಟ್ ವಿಂಡೋಸ್ 7 ಸಹಿಯಿಲ್ಲದ ಡ್ರೈವರನ್ನು ಒಪ್ಪುವುದಿಲ್ಲ. ಸಹಿ ಇದ್ದರೂ ಅದು ಹೊಸ ‘ಎಸ್‌ಎಚ್‌ಎ-2’ ಬಗೆಯದ್ದಾದರೆ ಹಳೆಯ ವಿಂಡೋಸ್ 7ಕ್ಕೆ ಆ ಸಹಿ ಓದಲು ಬಾರದು. ಅದಕ್ಕೂ ಪ್ರತ್ಯೇಕ ಅಪ್‌ಡೇಟ್ ಸೇರಿಸಬೇಕಾಗುತ್ತದೆ.

ಬಯೋಸ್‌ನಲ್ಲಿ ‘ಸೆಕ್ಯೂರ್ ಬೂಟ್’ ನಿಲ್ಲಿಸಿ, ‘ಸಿಎಸ್‌ಎಂ’ ಆನ್ ಮಾಡಬೇಕು. ಸಿಎಸ್‌ಎಂ ಸೌಲಭ್ಯವೇ ಇಲ್ಲದ ಇತ್ತೀಚಿನ ಯಂತ್ರಗಳಲ್ಲಿ ಡ್ರೈವರ್ ಸೇರಿಸಿದರೂ ವಿಂಡೋಸ್ 7 ಸರಿಯಾಗಿ ಏಳುವುದಿಲ್ಲ. ಅಲ್ಲಿ ಹಟ ಬಿಡುವುದೇ ಲೇಸು.

ಇಷ್ಟೆಲ್ಲ ಬೇಡದ ದಾರಿಗಳು

ಯಂತ್ರದಲ್ಲಿ ಯುಎಸ್‌ಬಿ 2.0 ಪೋರ್ಟ್ ಇದ್ದರೆ ಮೊದಲು ಪೆನ್‌ಡ್ರೈವನ್ನು ಅದಕ್ಕೆ ಹಾಕಿ ನೋಡಿ. ಮದರ್‌ಬೋರ್ಡ್ ಹಿಂಬದಿಯಲ್ಲಿ ದುಂಡನೆಯ ಪಿಎಸ್/2 ಪೋರ್ಟ್ ಇದ್ದರೆ ಹಳೆಯ ಪಿಎಸ್/2 ಕೀಬೋರ್ಡ್ ಹಚ್ಚಿ. ಅದಕ್ಕೆ ಯುಎಸ್‌ಬಿ ಡ್ರೈವರ್ ಬೇಕಿಲ್ಲ. ಜೊತೆಗೆ ಸಾಟಾ ಡಿವಿಡಿ ಡ್ರೈವ್ ಇದ್ದರೆ ಡಿಸ್ಕ್‌ನಿಂದಲೇ ಇನ್‌ಸ್ಟಾಲ್ ಮಾಡಿ, ಯುಎಸ್‌ಬಿ ಡ್ರೈವರನ್ನು ಆಮೇಲೆ ಹಾಕಬಹುದು. ಗುಜರಿಗೆ ಹೋಗಬೇಕಿದ್ದ ಒಂದು ಹಳೆಯ ಕೀಬೋರ್ಡ್ ಲ್ಯಾಬ್‌ನ ಕಪಾಟಿನಲ್ಲಿದ್ದರೆ ಇಂಥ ದಿನ ಅದಕ್ಕೆ ಬೆಲೆ ಬರುತ್ತದೆ.

ಬೇಕಾಗಿರುವುದು ಹಳೆಯ ಸಾಫ್ಟ್‌ವೇರ್ ಮಾತ್ರವಾದರೆ ವರ್ಚುವಲ್‌ಬಾಕ್ಸ್‌ನಂಥ ಪ್ರೋಗ್ರಾಂ ಸಾಕು. ಅದು ಹೊಸ ಯಂತ್ರದೊಳಗೆ ಹಳೆಯ ಕಾಲದ ಯಂತ್ರವೊಂದನ್ನು ಅಭಿನಯಿಸುತ್ತದೆ. ಅಲ್ಲಿನ ಡಿಸ್ಕ್, ಕೀಬೋರ್ಡ್ ಎಲ್ಲ ವಿಂಡೋಸ್ 7ಕ್ಕೆ ಮೊದಲೇ ಪರಿಚಿತ. ಡ್ರೈವರ್ ಸೇರಿಸುವ ಪ್ರಶ್ನೆಯೇ ಬರುವುದಿಲ್ಲ.

ಹಾಕಲು ಬರುತ್ತದೆ, ಹಾಕಬೇಕೇ?

ವಿಂಡೋಸ್ 7ಕ್ಕೆ ಮೈಕ್ರೋಸಾಫ್ಟ್‌ನ ಸಾಮಾನ್ಯ ಬೆಂಬಲ 2020ರ ಜನವರಿ 14ಕ್ಕೆ ಮುಗಿಯಿತು. ಹಣ ಕೊಟ್ಟು ಪಡೆಯುವ ಹೆಚ್ಚುವರಿ ಭದ್ರತಾ ಅಪ್‌ಡೇಟ್‌ಗಳೂ 2023ರ ಜನವರಿಯಲ್ಲಿ ನಿಂತವು. ಅಪ್‌ಡೇಟ್ ಇಲ್ಲದ ಯಂತ್ರಕ್ಕೆ ಏನಾಗಬಹುದು ಎಂಬುದಕ್ಕೆ 2017ರ ಮೇ ತಿಂಗಳ ‘ವಾನಾಕ್ರೈ’ ದಾಳಿ ಸಾಕ್ಷಿ. ಬ್ರಿಟನ್ನಿನ ಆಸ್ಪತ್ರೆಗಳ ಕೆಲಸವೂ ಅದರಿಂದ ಅಸ್ತವ್ಯಸ್ತವಾಯಿತು. ಆ ದೋಷಕ್ಕೆ ಮದ್ದಾದ ಅಪ್‌ಡೇಟ್ ಎರಡು ತಿಂಗಳು ಮೊದಲೇ, ಮಾರ್ಚ್‌ನಲ್ಲೇ ಬಂದಿತ್ತು. ಬಾಧೆಗೊಳಗಾದವುಗಳಲ್ಲಿ ಬಹುಪಾಲು ಅದನ್ನು ಹಾಕದ ವಿಂಡೋಸ್ 7 ಯಂತ್ರಗಳು.

ಆದ್ದರಿಂದ ಇಂಟರ್‌ನೆಟ್ ನೋಡಲು, ಬ್ಯಾಂಕ್ ವ್ಯವಹಾರಕ್ಕೆ, ಪರೀಕ್ಷಾ ಅರ್ಜಿ ತುಂಬಲು ವಿಂಡೋಸ್ 7 ಬೇಡ. ಹಳೆಯ ಪ್ರಯೋಗಾಲಯ ಉಪಕರಣಕ್ಕೋ ಹಳೆಯ ಸ್ಕ್ಯಾನರ್‌ಗೋ ಅದೇ ಬೇಕೆಂದಾದರೆ ಆ ಯಂತ್ರಕ್ಕೆ ನೆಟ್‌ವರ್ಕ್ ಕೇಬಲ್ ಹಚ್ಚದೆ ಇಡಿ.

ಇನ್ನೊಂದು ಎಚ್ಚರ. ‘ಎಲ್ಲ ಡ್ರೈವರ್ ಸೇರಿಸಿದ ರೆಡಿ ವಿಂಡೋಸ್’ ಎಂದು ಕೈಯಿಂದ ಕೈಗೆ ಬರುವ ಪೆನ್‌ಡ್ರೈವ್‌ಗಳಿವೆ. ಮೇಲಿನ ಕ್ರಮವನ್ನು ಓದಿದವರಿಗೆ ಅಪಾಯ ತಾನಾಗಿ ತಿಳಿಯುತ್ತದೆ: ವಿಮ್ ಫೈಲಿನ ಬಾಗಿಲು ತೆರೆದು ಡ್ರೈವರ್ ಇಡಬಲ್ಲವನು ಅದೇ ಬಾಗಿಲಿನಿಂದ ನಮ್ಮ ಪಾಸ್‌ವರ್ಡ್ ಕದಿಯುವ ಪ್ರೋಗ್ರಾಂ ಅನ್ನೂ ಇಡಬಲ್ಲ. ಆಂಟಿವೈರಸ್ ಹಾಕುವ ಮೊದಲೇ ಅದು ಒಳಗಿರುತ್ತದೆ. ಕಾಲೇಜಿನ ಕಂಪ್ಯೂಟರ್ ನಮ್ಮ ಕೈಗೆ ಬಂದ ಅಮಾನತ್. ನಮ್ಮ ನಂತರ ಅದೇ ಕುರ್ಚಿಯಲ್ಲಿ ಕೂರುವವರ ಗುಟ್ಟುಗಳೂ ಅದರಲ್ಲಿ ಸೇರುತ್ತವೆ. ಪರವಾನಗಿ ಇರುವ ಮೂಲ ಪ್ರತಿ, ತಯಾರಕರಿಂದಲೇ ಪಡೆದ ಡ್ರೈವರ್, ನಾವೇ ಮಾಡಿದ ಸೇರ್ಪಡೆ: ಈ ಮೂರೂ ಇದ್ದಾಗ ಮಾತ್ರ ಒಳಗೇನಿದೆ ಎಂದು ಧೈರ್ಯವಾಗಿ ಹೇಳಬಹುದು.

ಹೊಸ ಲ್ಯಾಪ್‌ಟಾಪ್‌ಗೂ ಇದೇ ಪಾಠ

ಇದು ಹಳೆಯ ವಿಂಡೋಸ್‌ನ ಕಥೆಯಷ್ಟೇ ಎಂದುಕೊಳ್ಳಬೇಡಿ. ಇಂಟೆಲ್‌ನ 11ನೆಯ ತಲೆಮಾರಿನ ನಂತರದ ಹಲವು ಲ್ಯಾಪ್‌ಟಾಪ್‌ಗಳಲ್ಲಿ ವಿಂಡೋಸ್ 10 ಅಥವಾ 11 ಹೊಸದಾಗಿ ಹಾಕಲು ಹೋದರೆ, ಡಿಸ್ಕ್ ಆರಿಸುವ ಪಟ್ಟಿ ಖಾಲಿ ಕಾಣಬಹುದು. ಎಸ್‌ಎಸ್‌ಡಿ ಕೆಟ್ಟಿರುವುದಿಲ್ಲ. ಡಿಸ್ಕ್ ‘ವಿಎಂಡಿ’ ಎಂಬ ನಿಯಂತ್ರಕದ ಹಿಂದೆ ಕೂತಿರುತ್ತದೆ, ಸೆಟಪ್‌ಗೆ ಅದರ ಡ್ರೈವರ್ ಇರುವುದಿಲ್ಲ. ಇಲ್ಲಿ ಯುಎಸ್‌ಬಿ ಕೆಲಸ ಮಾಡುವುದರಿಂದ ಪರಿಹಾರ ಸುಲಭ: ತಯಾರಕರ ತಾಣದಿಂದ ಪಡೆದ ಡ್ರೈವರನ್ನು ಬಿಚ್ಚಿ ಪೆನ್‌ಡ್ರೈವ್‌ನಲ್ಲಿಟ್ಟು, ‘ಲೋಡ್ ಡ್ರೈವರ್’ ಒತ್ತಿ ತೋರಿಸಿದರೆ ಡಿಸ್ಕ್ ಪ್ರತ್ಯಕ್ಷವಾಗುತ್ತದೆ. ಇದು ಗೊತ್ತಿಲ್ಲದೆ ಹೊಸ ಎಸ್‌ಎಸ್‌ಡಿಗೆ ಸಾವಿರಾರು ರೂಪಾಯಿ ಸುರಿಯಬೇಕಾಗಿಲ್ಲ.

ಹಾರ್ಡ್‌ವೇರ್ ಬಯೋಸ್‌ನಲ್ಲಿ ಕಾಣುತ್ತದೆ, ಸೆಟಪ್‌ನಲ್ಲಿ ಕಾಣುವುದಿಲ್ಲ ಎಂದಾದರೆ ಮೊದಲು ಡ್ರೈವರ್ ಮೇಲೆ ಅನುಮಾನಪಡಿ. ಬಯೋಸ್‌ನಲ್ಲೇ ಕಾಣದಿದ್ದರೆ ಆಗ ಕೇಬಲ್, ಪೋರ್ಟ್, ಡಿಸ್ಕ್ ನೋಡಿ. ಡ್ರೈವರ್ ಸೇರಿಸಿದ ಪೆನ್‌ಡ್ರೈವ್ ತಯಾರಾದ ಮೇಲೆ ಅದಕ್ಕೊಂದು ಚೀಟಿ ಅಂಟಿಸಿ, ಯಾವ ವಿಂಡೋಸ್, ಎಷ್ಟು ಬಿಟ್, ಯಾವ ಮದರ್‌ಬೋರ್ಡ್‌ಗೆ, ಯಾವ ದಿನ ಮಾಡಿದ್ದು ಎಂದು ಬರೆದಿಡಿ. ಮುಂದಿನ ವರ್ಷದ ಬ್ಯಾಚ್‌ನವರು ಅದನ್ನು ಕೈಗೆತ್ತಿಕೊಂಡಾಗ ಎಲ್ಲವನ್ನೂ ಮೊದಲಿನಿಂದ ಹುಡುಕಬೇಕಾಗುವುದಿಲ್ಲ.